ದೇಹದ ಲೇಶಧಾತುಗಳು ಮತ್ತು ಅರಸೀಕೆರೆಯ ನೀರು

ಹಳೇಬೀಡು ಬೇಲೂರುಗಳ ದೇವಾಲಯಗಳನ್ನು ನೋಡಬೇಕೆಂದು ರೈಲಿನಲ್ಲಿ ಹೊರಟವರಲ್ಲಿ ಕೆಲವರು ಅರಸೀಕೆರೆಯ ಜಂಕ್ಷನ್ನಿನಲ್ಲಿ ಇಳಿದು, ಅಲ್ಲಿಂದ ಬಸ್ಸು ಹಿಡಿಯುವುದುಂಟು. ದಾರಿ ಬಹಳ ದೀರ್ಘವಾದುದೇನೂ ಅಲ್ಲ. ಆದರೆ ಕಿಟಕಿಯ ಬಳಿ ಕುಳಿತು ಹೊರಗೆ ನೋಡುವ ವಿದ್ಯಾರ್ಥಿಗೆ ಅದೊಂದು ಭೂಗೋಳದ ತರಗತಿಯೇ ಸರಿ. ಅರಸೀಕೆರೆಯ ಸುತ್ತ ಕೆಂಪು ನೆಲ, ತೆಂಗಿನ ತೋಟ, ರಾಗಿಯ ಹೊಲ, ಮಳೆಗಾಲ ಕಳೆದ ಮೇಲೆ ಬೇಗನೆ ಬತ್ತಿಹೋಗುವ ಕೆರೆಗಳು. ಜಾವಗಲ್ಲನ್ನು ದಾಟಿ ಹಳೇಬೀಡಿಗೆ ಬರುವ ವೇಳೆಗೆ ಹಸಿರು ಹೆಚ್ಚುತ್ತದೆ. ಅಲ್ಲಿಂದ ೧೬ ಕಿಲೋಮೀಟರ್ ಹೋದರೆ ಯಗಚಿಯ ದಡದ ಬೇಲೂರು. ಅದರಾಚೆಗೆ ಕಾಫಿಯ ತೋಟಗಳು, ಮಲೆನಾಡು.

ಈ ವ್ಯತ್ಯಾಸವೆಲ್ಲ ಕಣ್ಣಿಗೆ ಕಾಣುವಂಥದು. ಕಾಣದ ವ್ಯತ್ಯಾಸವೊಂದು ನೆಲದ ಕೆಳಗಿನ ನೀರಿನಲ್ಲಿದೆ. ಅರಸೀಕೆರೆ ತಾಲ್ಲೂಕಿನ ಹಲವು ಊರುಗಳಲ್ಲಿ ಕೊಳವೆ ಬಾವಿಯ ನೀರಿನೊಡನೆ ಫ್ಲೋರೈಡು ಮಿತಿಮೀರಿ ಮೈ ಸೇರುತ್ತದೆ. ಮಲೆನಾಡಿನ ಕಡೆಯಲ್ಲಾದರೋ, ಚಿಕ್ಕಮಗಳೂರು ಕೊಡಗುಗಳ ಸೀಮೆಯಲ್ಲಿ, ಅಯೊಡೀನಿನ ಕೊರತೆಯಿಂದ ಬರುವ ಗಳಗಂಡ ಹಿಂದಿನಿಂದಲೂ ಪರಿಚಿತವಾದ ರೋಗ. ಒಂದು ಕಡೆ ಹೆಚ್ಚಾಗಿ ಕೆಡುಕು, ಇನ್ನೊಂದು ಕಡೆ ಕಡಮೆಯಾಗಿ ಕೆಡುಕು. ಎರಡರಲ್ಲಿಯೂ ವಸ್ತುವಿನ ಪ್ರಮಾಣ ಎಷ್ಟು ಅಲ್ಪವೆಂದರೆ ನಾಲಗೆಗಾಗಲಿ ಮೂಗಿಗಾಗಲಿ ಅದರ ಸುಳಿವೇ ಹತ್ತುವುದಿಲ್ಲ. ಅಳೆದು ತಿಳಿಯಬೇಕೇ ಹೊರತು ಬೇರೆ ದಾರಿಯಿಲ್ಲ.

ನಮ್ಮ ದೇಹದ ತೂಕದಲ್ಲಿ ನೂರಕ್ಕೆ ಸುಮಾರು ೯೬ ಪಾಲು ಆಮ್ಲಜನಕ, ಇಂಗಾಲ, ಜಲಜನಕ, ಸಾರಜನಕಗಳೆಂಬ ನಾಲ್ಕೇ ಧಾತುಗಳಿಂದ ಆದುದು. ಉಳಿದುದರಲ್ಲಿ ಹೆಚ್ಚಿನ ಭಾಗವನ್ನು ಸುಣ್ಣ, ರಂಜಕ, ಪೊಟ್ಯಾಸಿಯಂ, ಗಂಧಕ, ಸೋಡಿಯಂ, ಕ್ಲೋರೀನ್, ಮೆಗ್ನೀಸಿಯಂಗಳು ಆಕ್ರಮಿಸಿಕೊಂಡಿವೆ. ಇವೆಲ್ಲವನ್ನೂ ತೆಗೆದ ಮೇಲೆ ತಕ್ಕಡಿಯ ತಳದಲ್ಲಿ ಉಳಿಯುವ ಧೂಳಿನಷ್ಟು ವಸ್ತುವಿನಲ್ಲಿ ಲೇಶಧಾತುಗಳಿವೆ. ಲೇಶವೆಂದರೆ ಅತ್ಯಲ್ಪವಾದುದು. ೭೦ ಕಿಲೋಗ್ರಾಂ ತೂಗುವ ಮನುಷ್ಯನಲ್ಲಿ ಕಬ್ಬಿಣ ಸುಮಾರು ೪ ಗ್ರಾಂ, ಸತು ೨ ಗ್ರಾಂ, ತಾಮ್ರ ಒಂದು ಗ್ರಾಮಿನ ಹತ್ತನೆಯ ಒಂದು ಪಾಲು, ಅಯೊಡೀನ್ ೧೫ರಿಂದ ೨೦ ಮಿಲಿಗ್ರಾಂ. ಕೋಬಾಲ್ಟಾದರೆ ಒಂದು ಮಿಲಿಗ್ರಾಮಿನ ಆಸುಪಾಸು.

ಅಲ್ಪವೆಂದ ಮಾತ್ರಕ್ಕೆ ಅಲಕ್ಷಿಸುವಂತಿಲ್ಲ. ಅಯೊಡೀನಿನ ಲೆಕ್ಕವನ್ನೇ ನೋಡಿರಿ. ವಯಸ್ಕನೊಬ್ಬನಿಗೆ ದಿನಕ್ಕೆ ಬೇಕಾದುದು ೧೫೦ ಮೈಕ್ರೋಗ್ರಾಂ. ಒಂದು ಮೈಕ್ರೋಗ್ರಾಂ ಎಂದರೆ ಗ್ರಾಮಿನ ಹತ್ತು ಲಕ್ಷದಲ್ಲಿ ಒಂದು ಪಾಲು. ಇದನ್ನು ವರ್ಷದ ೩೬೫ ದಿನಗಳಿಂದಲೂ ಆಯುಷ್ಯದ ೭೦ ವರ್ಷಗಳಿಂದಲೂ ಗುಣಿಸಿದರೆ ೪ ಗ್ರಾಂ ಕೂಡ ಆಗುವುದಿಲ್ಲ. ಜೀವಮಾನಕ್ಕೆಲ್ಲ ಒಂದು ಚಹಾ ಚಮಚ ತುಂಬುವಷ್ಟಿಲ್ಲ! ಅಷ್ಟು ದೊರೆಯದಿದ್ದರೆ ಕುತ್ತಿಗೆಯಲ್ಲಿರುವ ಥೈರಾಯಿಡ್ ಗ್ರಂಥಿ ಊದಿಕೊಳ್ಳುತ್ತದೆ. ಗರ್ಭದಲ್ಲಿರುವ ಶಿಶುವಿನ ಮಿದುಳಿನ ಬೆಳವಣಿಗೆ ಕುಂಠಿತವಾಗುತ್ತದೆ. ನಮ್ಮ ದೇಶದಲ್ಲಿ ೧೯೬೨ರಲ್ಲಿ ರಾಷ್ಟ್ರೀಯ ಗಳಗಂಡ ನಿಯಂತ್ರಣ ಕಾರ್ಯಕ್ರಮವನ್ನು ಆರಂಭಿಸಿ ಉಪ್ಪಿಗೆ ಅಯೊಡೀನ್ ಬೆರೆಸಲು ತೊಡಗಿದುದು ಈ ಕಾರಣದಿಂದ. ಶತಮಾನಗಳ ಮಳೆ ಬೆಟ್ಟದ ಮಣ್ಣಿನ ಅಯೊಡೀನನ್ನು ತೊಳೆದು ಕಡಲಿಗೆ ಒಯ್ದಿರುವಾಗ, ಅದನ್ನು ಉಪ್ಪಿನ ಮೂಲಕ ಮರಳಿ ತರುವುದು ಎಷ್ಟು ಉಚಿತವಾದ ಉಪಾಯ!

ಫ್ಲೋರೀನಿನ ಸಂಗತಿ ಹೀಗಲ್ಲ. ಅದಿಲ್ಲದೆ ದೇಹ ನಡೆಯಲಾರದೆಂದು ಇಂದಿನ ವಿಜ್ಞಾನಿಗಳು ಹೇಳುವುದಿಲ್ಲ. ಅಲ್ಪ ಪ್ರಮಾಣದಲ್ಲಿದ್ದರೆ ಹಲ್ಲು ಹುಳುಕಾಗುವುದನ್ನು ತಡೆಯುತ್ತದೆ. ಕೊಂಚ ಮೀರಿದರೆ ಹಲ್ಲನ್ನೂ, ಇನ್ನೂ ಮೀರಿದರೆ ಮೂಳೆಯನ್ನೂ ಕೆಡಿಸುತ್ತದೆ. ಈ ಎರಡು ಗುಣಗಳ ನಡುವಣ ಅಂತರ ಬಹಳ ಕಿರಿದು. ಭಾರತೀಯ ಮಾನಕ ಸಂಸ್ಥೆಯ ಪ್ರಕಾರ ಕುಡಿಯುವ ನೀರಿನ ಲೀಟರೊಂದರಲ್ಲಿ ಫ್ಲೋರೈಡು ೧ ಮಿಲಿಗ್ರಾಮಿಗೆ ಮೀರಬಾರದು. ಬೇರೆ ನೀರೇ ಇಲ್ಲದ ಕಡೆ ೧.೫ ಮಿಲಿಗ್ರಾಂವರೆಗೆ ಸೈರಿಸಬಹುದು. ಸಣ್ಣ ಸಾಸಿವೆಯ ಕಾಳೊಂದು ಸುಮಾರು ೨ ಮಿಲಿಗ್ರಾಂ ತೂಗುತ್ತದೆ. ಹೀಗಾಗಿ ಒಂದು ಲೀಟರ್ ನೀರಿಗೆ ಒಂದು ಸಾಸಿವೆಯ ಕಾಳಿನಷ್ಟೂ ಅವಕಾಶವಿಲ್ಲವೆಂದಾಯಿತು.

ಈ ಸಂಗತಿ ಬೆಳಕಿಗೆ ಬಂದ ಬಗೆ ಸ್ವಾರಸ್ಯವಾಗಿದೆ. ೧೯೦೧ರಲ್ಲಿ ಫ್ರೆಡರಿಕ್ ಮೆಕೇ ಎಂಬ ತರುಣ ದಂತವೈದ್ಯ ಅಮೆರಿಕದ ಕೊಲರಾಡೊ ಸ್ಪ್ರಿಂಗ್ಸ್ ಎಂಬ ಊರಿಗೆ ಬಂದು ವೃತ್ತಿಯನ್ನು ಆರಂಭಿಸಿದ. ಅಲ್ಲಿ ಹುಟ್ಟಿ ಬೆಳೆದವರ ಹಲ್ಲುಗಳ ಮೇಲೆ ಉಜ್ಜಿದರೂ ಹೋಗದ ಕಂದು ಕಲೆಗಳಿದ್ದುವು. ದೊಡ್ಡವರಾದ ಮೇಲೆ ಬಂದು ನೆಲಸಿದವರಿಗೆ ಆ ಕಲೆಗಳಿರಲಿಲ್ಲ. ನೀರಿನಲ್ಲಿ ಏನೋ ಇದೆಯೆಂದು ಮೆಕೇ ಶಂಕಿಸಿದನಾದರೂ, ಸಾಧಾರಣ ರಾಸಾಯನಿಕ ಪರೀಕ್ಷೆಗಳಿಗೆ ಅದು ಸಿಕ್ಕಲಿಲ್ಲ. ಮೂವತ್ತು ವರ್ಷ ಕಳೆಯಿತು. ೧೯೩೧ರಲ್ಲಿ ದೊಡ್ಡದೊಂದು ಅಲ್ಯೂಮಿನಿಯಂ ಕಂಪನಿಯ ಮುಖ್ಯ ರಸಾಯನ ವಿಜ್ಞಾನಿ ಎಚ್. ವಿ. ಚರ್ಚಿಲ್, ತನ್ನ ಕಂಪನಿಯ ಗಣಿಯೂರಾದ ಬಾಕ್ಸೈಟಿನ ಮಕ್ಕಳಲ್ಲಿಯೂ ಇದೇ ಕಲೆ ಇರುವುದನ್ನು ಕೇಳಿ, ಅಲ್ಲಿಯ ನೀರನ್ನು ರೋಹಿತದರ್ಶಕದಿಂದ ಪರೀಕ್ಷೆ ಮಾಡಿಸಿದ. ಅಲ್ಯೂಮಿನಿಯಂ ಪಾತ್ರೆಗಳ ಮೇಲೆ ಅಪವಾದ ಬಂದೀತೆಂಬ ಹೆದರಿಕೆಯೂ ಅವನಿಗಿದ್ದಿತು. ಲೀಟರಿಗೆ ೧೩ ಮಿಲಿಗ್ರಾಮಿಗಿಂತ ಹೆಚ್ಚು ಫ್ಲೋರೈಡು ಕಂಡಿತು. ಯಾರೂ ನಿರೀಕ್ಷಿಸದ ಫಲಿತಾಂಶವಾದುದರಿಂದ ಚರ್ಚಿಲ್ ಅದನ್ನು ನಂಬದೆ, ಎಲ್ಲೋ ಕಲಬೆರಕೆಯಾಗಿದೆಯೆಂದು ಹೊಸ ನೀರು ತರಿಸಿ ಮತ್ತೆ ಪರೀಕ್ಷಿಸಿದ. ಉತ್ತರ ಬದಲಾಗಲಿಲ್ಲ. ವಿಜ್ಞಾನದ ವಿದ್ಯಾರ್ಥಿಗಳು ಈ ಎರಡನೆಯ ಪರೀಕ್ಷೆಯನ್ನು ಗಮನಿಸಬೇಕು. ಲೇಶಧಾತುಗಳನ್ನು ಅಳೆಯುವವರಿಗೆ ತಮ್ಮ ಕೈಯ ಮೇಲೆಯೇ ಮೊದಲು ಸಂಶಯ ಬರಬೇಕಾಗುತ್ತದೆ.

ನಮ್ಮ ಕಡೆಯ ಕಥೆ ಇದಕ್ಕಿಂತ ಕಠೋರವಾದುದು. ೧೯೩೭ರಲ್ಲಿ ಶಾರ್ಟ್, ಪಂಡಿತ್, ರಾಘವಾಚಾರಿ ಎಂಬ ಮೂವರು ಅಂದಿನ ಮದರಾಸು ಪ್ರಾಂತಕ್ಕೆ ಸೇರಿದ ನೆಲ್ಲೂರು ಜಿಲ್ಲೆಯ ಹಳ್ಳಿಗಳಲ್ಲಿ ಕಂಡುದನ್ನು ಪ್ರಕಟಿಸಿದರು. ಅಲ್ಲಿ ಕೆಟ್ಟುದು ಹಲ್ಲಷ್ಟೇ ಅಲ್ಲ; ಬೆನ್ನೆಲುಬು ಸೆಡೆತು ಬಾಗಿ, ಕೀಲುಗಳು ಬಿಗಿದು, ಮಧ್ಯವಯಸ್ಸಿನವರು ಮುದುಕರಂತಾಗಿದ್ದರು. ಅನಂತರದ ದಶಕಗಳಲ್ಲಿ ದೇಶದ ಅನೇಕ ರಾಜ್ಯಗಳಿಂದ ಇಂಥ ವರದಿಗಳು ಬಂದುವು. ಕರ್ನಾಟಕದಲ್ಲಿ ಮುಂಡರಗಿ, ಪಾವಗಡ, ಕೋಲಾರ, ರಾಯಚೂರುಗಳ ಕಡೆಯ ಬಯಲುಸೀಮೆಯೊಡನೆ ಅರಸೀಕೆರೆಯ ಹೆಸರೂ ಈ ಪಟ್ಟಿಗೆ ಸೇರಿದೆ.

ಅರಸೀಕೆರೆಗೇ ಏಕೆ? ಉತ್ತರ ಕಲ್ಲಿನಲ್ಲಿದೆ. ಹೊಯ್ಸಳ ಶಿಲ್ಪಿಗಳು ಬೇಲೂರು ಹಳೇಬೀಡುಗಳಲ್ಲಿ ಕೆತ್ತಿದುದು ಉಳಿಗೆ ಮಣಿಯುವ ಮೃದುವಾದ ಬಳಪದ ಕಲ್ಲನ್ನು. ಗ್ರಾನೈಟನ್ನು ಅವರು ಆರಿಸಿಕೊಂಡಿದ್ದರೆ ಮದನಿಕೆಯರ ಆಭರಣಗಳನ್ನು ಅಷ್ಟು ಸೂಕ್ಷ್ಮವಾಗಿ ಬಿಡಿಸಲು ಸಾಧ್ಯವಾಗುತ್ತಿರಲಿಲ್ಲ. ಅರಸೀಕೆರೆ ಬಾಣಾವರಗಳ ನೆಲದಡಿಯಲ್ಲಿರುವುದಾದರೋ ಬಹುಮಟ್ಟಿಗೆ ಗಡುಸಾದ ಗ್ರಾನೈಟು ಮತ್ತು ನೈಸ್ ಶಿಲೆ. ಇನ್ನೂರು ಕೋಟಿ ವರ್ಷಗಳಿಗೂ ಹಳೆಯದಾದ ಈ ಗ್ರಾನೈಟು ಆ ಊರುಗಳ ಹೆಸರಿನಿಂದಲೇ ಭೂವಿಜ್ಞಾನಿಗಳಿಗೆ ಪರಿಚಿತವಾಗಿದೆ. ಇಂಥ ಶಿಲೆಗಳಲ್ಲಿ ಕಪ್ಪು ಅಭ್ರಕ, ಅಪಟೈಟ್, ಫ್ಲೋರೈಟ್ ಮೊದಲಾದ ಫ್ಲೋರೀನ್ ಇರುವ ಖನಿಜಗಳು ಚದುರಿರುತ್ತವೆ. ಬಿರುಕುಗಳಲ್ಲಿ ವರ್ಷಗಟ್ಟಲೆ ನಿಂತ ನೀರು ಅವನ್ನು ಮೆಲ್ಲಮೆಲ್ಲನೆ ಕರಗಿಸಿಕೊಳ್ಳುತ್ತದೆ. ನೀರಿನಲ್ಲಿ ಸುಣ್ಣದ ಅಂಶ ಹೆಚ್ಚಾಗಿದ್ದರೆ ಅದು ಫ್ಲೋರೈಡನ್ನು ಹಿಡಿದು ಕೆಳಗಿಳಿಸುತ್ತದೆ. ಸುಣ್ಣ ಕಡಮೆಯಾಗಿ ಸೋಡಾದ ಕ್ಷಾರ ಹೆಚ್ಚಿದಷ್ಟೂ ಫ್ಲೋರೈಡು ನೀರಿನಲ್ಲಿಯೇ ಉಳಿಯುತ್ತದೆ. ಮಳೆ ಕಡಮೆಯಾದ ಸೀಮೆಯಲ್ಲಿ ಹೊಸ ನೀರು ಬಂದು ಹಳೆಯದನ್ನು ತೆಳುವಾಗಿಸುವ ಸಂಭವವೂ ಕಡಮೆ.

ಅರಸಿಯೊಬ್ಬಳು ಕಟ್ಟಿಸಿದ ಕೆರೆಯಿಂದ ಅರಸೀಕೆರೆಗೆ ಆ ಹೆಸರು ಬಂದಿತೆಂದು ಹೇಳುತ್ತಾರೆ. ಕೆರೆಯ ನೀರು ಮಳೆಯ ನೀರು. ಕಲ್ಲಿನೊಡನೆ ಅದರ ಸಹವಾಸ ಅಲ್ಪ, ಆದುದರಿಂದ ಅದರಲ್ಲಿ ಫ್ಲೋರೈಡೂ ಅಲ್ಪ. ಆದರೆ ಕೆರೆಯ ನೀರಿನಲ್ಲಿ ವಾಂತಿಭೇದಿಯ ಬೀಜಗಳಿರುತ್ತಿದ್ದುವು. ೧೯೭೦ರ ದಶಕದಿಂದ ಈಚೆಗೆ ಹಳ್ಳಿಹಳ್ಳಿಗೂ ಕೊಳವೆ ಬಾವಿ ಬಂದುದು ಆ ಪಿಡುಗಿನಿಂದ ಜನರನ್ನು ಕಾಪಾಡಲೆಂದು, ಕಾಪಾಡಿತು ಕೂಡ. ಅದರೊಡನೆ ಮತ್ತೊಂದು ತೊಂದರೆ ಸದ್ದಿಲ್ಲದೆ ಮೇಲೆ ಬಂದಿತು. ಯಾರನ್ನೂ ದೂರುವಂತಿಲ್ಲ. ತಿಳಿಯಾದ, ತಣ್ಣಗಿರುವ, ಕ್ರಿಮಿಗಳಿಲ್ಲದ ನೀರನ್ನು ಯಾರು ತಾನೆ ಸಂಶಯಿಸಿಯಾರು?

ಕುಡಿದ ಫ್ಲೋರೈಡು ಎಲ್ಲಿಗೆ ಹೋಗುತ್ತದೆ? ಕರುಳಿನಿಂದ ರಕ್ತಕ್ಕೆ ಸೇರಿದುದರಲ್ಲಿ ಸುಮಾರು ಅರ್ಧವನ್ನು ವಯಸ್ಕರ ಮೂತ್ರಪಿಂಡಗಳು ಹೊರಗೆ ಹಾಕುತ್ತವೆ. ಉಳಿದುದು ಮೂಳೆಗೆ ಹೋಗುತ್ತದೆ. ದೇಹದ ಫ್ಲೋರೈಡಿನಲ್ಲಿ ನೂರಕ್ಕೆ ೯೯ ಪಾಲು ಇರುವುದು ಮೂಳೆ ಹಲ್ಲುಗಳಲ್ಲಿಯೇ. ಬೆಳೆಯುವ ಮಕ್ಕಳ ಮೂಳೆ ಇನ್ನೂ ಹೆಚ್ಚಾಗಿ ಹಿಡಿದಿಟ್ಟುಕೊಳ್ಳುತ್ತದೆ. ಒಂದು ಒರಟು ಲೆಕ್ಕ ಹಾಕೋಣ. ಹೊಲದಲ್ಲಿ ದುಡಿಯುವವನೊಬ್ಬ ಲೀಟರಿಗೆ ೩ ಮಿಲಿಗ್ರಾಂ ಫ್ಲೋರೈಡು ಇರುವ ನೀರನ್ನು ದಿನಕ್ಕೆ ೪ ಲೀಟರ್ ಕುಡಿದರೆ ೧೨ ಮಿಲಿಗ್ರಾಂ ಒಳಗೆ ಹೋಯಿತು. ಅರ್ಧ ಉಳಿಯಿತೆಂದು ಹಿಡಿದರೆ ವರ್ಷಕ್ಕೆ ೨ ಗ್ರಾಮಿಗೆ ಮೀರಿ, ಹತ್ತು ವರ್ಷಕ್ಕೆ ೨೦ ಗ್ರಾಮಿಗೆ ಮೀರಿ ಸೇರುತ್ತದೆ. ಮೂಳೆ ತುಂಬುತ್ತ ಹೋದಂತೆ ಹಿಡಿದಿಡುವ ವೇಗ ತಗ್ಗುವುದರಿಂದ ನಿಜವಾದ ಮೊತ್ತ ಇದಕ್ಕಿಂತ ಕೊಂಚ ಕಡಮೆಯಿದ್ದೀತು. ಸಾಧಾರಣ ಮನುಷ್ಯನ ಮೈಯಲ್ಲಿ ಇರುವುದು ಕೆಲವೇ ಗ್ರಾಂ. ದಿನದ ಸೇವನೆ ೬ ಮಿಲಿಗ್ರಾಂ ಮೀರಿದಾಗ ಮೂಳೆಗೆ ಅಪಾಯದ ಸೂಚನೆಗಳಿವೆಯೆಂದೂ ೧೪ ಮಿಲಿಗ್ರಾಂ ತಲಪಿದಾಗ ಅಪಾಯ ಸ್ಪಷ್ಟವೆಂದೂ ವಿಶ್ವ ಆರೋಗ್ಯ ಸಂಸ್ಥೆ ೨೦೦೨ರಲ್ಲಿ ಹೇಳಿತು.

ಮೂಳೆ ಜಡವಾದ ಕಂಬವಲ್ಲ; ದೇಹ ಅದನ್ನು ಸದಾ ಒಡೆದು ಕಟ್ಟುತ್ತಲೇ ಇರುತ್ತದೆ. ಕಟ್ಟುವಾಗ ಅದರ ಹರಳುಗಳಲ್ಲಿ ಹೈಡ್ರಾಕ್ಸಿಲ್ ಕುಳಿತುಕೊಳ್ಳಬೇಕಾದ ಜಾಗದಲ್ಲಿ ಫ್ಲೋರೈಡು ಬಂದು ಕುಳಿತರೆ, ಹರಳು ಗಟ್ಟಿಯಾದರೂ ಮೂಳೆಯ ರಚನೆ ಕೆಡುತ್ತದೆ. ಮೂಳೆ ದಪ್ಪನಾಗುತ್ತದೆ, ಮೃದುವಾಗಿರಬೇಕಾದ ಸಂಧಿಬಂಧಗಳಿಗೂ ಸುಣ್ಣ ಕಟ್ಟುತ್ತದೆ. ಸೊಂಟ ಕುತ್ತಿಗೆಗಳ ನೋವಿನಿಂದ ತೊಡಗಿ, ತಿರುಗಲಾರದ ಬಾಗಲಾರದ ಸ್ಥಿತಿಯವರೆಗೆ ಇದು ಹೋಗುತ್ತದೆ. ಮಂಡಿ ಬಗ್ಗಿಸದೆ ನೆಲದ ನಾಣ್ಯವನ್ನು ಎತ್ತಲಾದೀತೆ, ಗಲ್ಲವನ್ನು ಎದೆಗೆ ಮುಟ್ಟಿಸಲಾದೀತೆ, ಎರಡು ಕೈಗಳನ್ನೂ ತಲೆಯ ಹಿಂದಕ್ಕೆ ಒಯ್ಯಲಾದೀತೆ ಎಂದು ಹಳ್ಳಿಗಳಲ್ಲಿ ಆರೋಗ್ಯ ಕಾರ್ಯಕರ್ತರು ಪರೀಕ್ಷಿಸುತ್ತಾರೆ. ಇವು ಸಂಶಯವನ್ನು ಹುಟ್ಟಿಸುವ ಪರೀಕ್ಷೆಗಳೇ ಹೊರತು ನಿರ್ಣಯಿಸುವುವಲ್ಲ; ಬೆನ್ನು ನೋಯಲು ಬೇರೆ ಕಾರಣಗಳು ಎಷ್ಟೋ ಇವೆ.

ಆದುದರಿಂದ ಅಳತೆ ಬೇಕಾಗುತ್ತದೆ. ಮೊದಲು ನೀರಿನ ಅಳತೆ. ಜಿರ್ಕೋನಿಯಂ ಮತ್ತು ಅಲಿಜರಿನ್ ಸೇರಿ ಆಗುವ ಕೆಂಪು ಬಣ್ಣದ ದ್ರಾವಣಕ್ಕೆ ಫ್ಲೋರೈಡಿರುವ ನೀರನ್ನು ಬೆರೆಸಿದರೆ, ಫ್ಲೋರೈಡು ಜಿರ್ಕೋನಿಯಮನ್ನು ಸೆಳೆದುಕೊಂಡು ಕೆಂಪು ಅಳಿದು ಹಳದಿಯ ಕಡೆಗೆ ತಿರುಗುತ್ತದೆ. ಎಷ್ಟು ಅಳಿಯಿತೆಂಬುದನ್ನು ಬಣ್ಣದ ಪಟ್ಟಿಯೊಡನೆ ಹೋಲಿಸಿ ಪ್ರಮಾಣವನ್ನು ಅಂದಾಜು ಮಾಡಬಹುದು. ಹಳ್ಳಿಯಲ್ಲಿ ಬಳಸುವ ಪರೀಕ್ಷಾ ಪೆಟ್ಟಿಗೆಗಳಿಗೆ ಇಂಥ ಬಣ್ಣದ ಕ್ರಿಯೆಯೇ ಆಧಾರ. ೨೦೧೯ರಲ್ಲಿ ಆರಂಭವಾದ ಜಲಜೀವನ ಮಿಷನ್ನಿನಲ್ಲಿ ಊರಿನ ಮಹಿಳೆಯರಿಗೇ ಇವುಗಳ ಬಳಕೆಯನ್ನು ಕಲಿಸುವ ಏರ್ಪಾಡಾಯಿತು.

ಇನ್ನೂ ನಿಖರವಾಗಿ ಅಳೆಯಲು ೧೯೬೬ರಲ್ಲಿ ಫ್ರಾಂಟ್ ಮತ್ತು ರಾಸ್ ಎಂಬುವರು ಪ್ರಕಟಿಸಿದ ವಿದ್ಯುದ್ವಾರ ಬೇಕು. ಅದರ ತುದಿಯಲ್ಲಿ ಲ್ಯಾಂಥನಂ ಫ್ಲೋರೈಡಿನ ತೆಳುವಾದ ಹರಳೊಂದಿದೆ. ಆ ಹರಳಿನ ಮೂಲಕ ಚಲಿಸಬಲ್ಲುದು ಫ್ಲೋರೈಡು ಅಯಾನು ಮಾತ್ರ. ಒಳಗಿನ ದ್ರಾವಣಕ್ಕೂ ಹೊರಗಿನದಕ್ಕೂ ಫ್ಲೋರೈಡಿನ ಪ್ರಮಾಣದಲ್ಲಿರುವ ವ್ಯತ್ಯಾಸ ವಿದ್ಯುತ್ತಿನ ಒತ್ತಡವಾಗಿ ತೋರುತ್ತದೆ. ಪ್ರಮಾಣ ಹತ್ತರಷ್ಟು ಬದಲಾದರೆ ೨೫ ಡಿಗ್ರಿ ಉಷ್ಣತೆಯಲ್ಲಿ ಸುಮಾರು ೫೯ ಮಿಲಿವೋಲ್ಟಿನ ಬದಲಾವಣೆ. ಪ್ರಮಾಣ ಗೊತ್ತಿರುವ ದ್ರಾವಣಗಳೊಡನೆ ಹೋಲಿಸಿದರೆ ಉತ್ತರ ಸಿಕ್ಕಿತು. ನೀರಿನಲ್ಲಿ ಅಲ್ಯೂಮಿನಿಯಂ ಇದ್ದರೆ ಅದು ಫ್ಲೋರೈಡನ್ನು ಕಟ್ಟಿಹಾಕಿ ಮರೆಮಾಡುವುದರಿಂದ, ಅದನ್ನು ಬಿಡಿಸುವ ದ್ರಾವಣವೊಂದನ್ನು ಮೊದಲೇ ಬೆರೆಸಬೇಕು. ಮಾದರಿಯನ್ನು ತರುವ ಸೀಸೆಯೂ ಗಾಜಿನದಾಗಿರದೆ ಪ್ಲಾಸ್ಟಿಕ್ಕಿನದಾಗಿರಬೇಕು.

ನೀರನ್ನು ಅಳೆದಾಯಿತು. ಅಷ್ಟರಿಂದ ಮನುಷ್ಯನ ಸ್ಥಿತಿ ತಿಳಿಯಿತೆ? ಇಲ್ಲ. ಒಂದೇ ಬಾವಿಯ ನೀರನ್ನು ಒಬ್ಬ ಎರಡು ಲೀಟರ್ ಕುಡಿಯುತ್ತಾನೆ, ಇನ್ನೊಬ್ಬ ಐದು ಲೀಟರ್. ಚಹಾದ ಎಲೆಯಿಂದಲೂ ಫ್ಲೋರೈಡು ಬರುತ್ತದೆ. ಊಟದಲ್ಲಿ ಸುಣ್ಣದ ಅಂಶ ಚೆನ್ನಾಗಿದ್ದರೆ ಅದು ಕರುಳಿನಲ್ಲಿಯೇ ಫ್ಲೋರೈಡಿನ ಒಂದು ಪಾಲನ್ನು ಹಿಡಿದು ನಿಲ್ಲಿಸುತ್ತದೆ. ನೂರು ಗ್ರಾಂ ರಾಗಿಯಲ್ಲಿ ೩೦೦ ಮಿಲಿಗ್ರಾಮಿಗಿಂತ ಹೆಚ್ಚು ಸುಣ್ಣದ ಅಂಶವಿರುವುದರಿಂದ ಆ ಸೀಮೆಯ ಮುದ್ದೆಯೂ ಕೊಂಚ ನೆರವಾದೀತು. ಮುದ್ದೆಯೇ ಔಷಧವೆಂದು ಯಾರೂ ಭಾವಿಸಬಾರದು. ಹೀಗೆ ಮೈಗೆ ಹತ್ತಿದುದೆಷ್ಟೆಂದು ತಿಳಿಯಲು ಮೈಯಿಂದಲೇ ಮಾದರಿ ತೆಗೆಯಬೇಕು.

ಇಲ್ಲಿ ಯಾವ ಮಾದರಿ ಯಾವ ಕಾಲದ ಸಂಗತಿಯನ್ನು ಹೇಳುತ್ತದೆ ಎಂಬುದು ಮುಖ್ಯ. ರಕ್ತ ಈ ಹೊತ್ತಿನದನ್ನು ಹೇಳುತ್ತದೆ. ಮೂತ್ರ ಈಚಿನ ದಿನಗಳದನ್ನು ಹೇಳುತ್ತದೆ. ಸಂಗ್ರಹಿಸುವುದು ಸುಲಭ, ಅದೇ ವಿದ್ಯುದ್ವಾರದಿಂದ ಅಳೆಯಲೂಬಹುದು. ಆದರೆ ಬಿಸಿಲಿನಲ್ಲಿ ದುಡಿದವನ ಮೂತ್ರ ಗಾಢವಾಗಿರುವುದರಿಂದ ಅದರಲ್ಲಿರುವ ಕ್ರಿಯಾಟಿನಿನ್ ಎಂಬ ವಸ್ತುವಿನೊಡನೆ ಹೋಲಿಸಿ ಲೆಕ್ಕವನ್ನು ಸರಿಪಡಿಸುತ್ತಾರೆ. ಮೂಳೆ ಇಡೀ ಜೀವಮಾನದ ಲೆಕ್ಕವನ್ನು ಇಟ್ಟಿರುತ್ತದೆಯಾದರೂ ಅದನ್ನು ಕತ್ತರಿಸಿ ನೋಡುವಂತಿಲ್ಲ; ಕ್ಷ-ಕಿರಣದ ಚಿತ್ರದಲ್ಲಿ ಮುಂಗೈಯ ಎರಡು ಮೂಳೆಗಳ ನಡುವಣ ಪೊರೆಗೆ ಸುಣ್ಣ ಕಟ್ಟಿರುವುದು ಕಂಡರೆ ವೈದ್ಯರಿಗೆ ಅದೇ ದೊಡ್ಡ ಸಾಕ್ಷಿ.

ಅಯೊಡೀನನ್ನು ಅಳೆಯುವುದೂ ಮೂತ್ರದಲ್ಲಿಯೇ. ಸ್ಯಾಂಡೆಲ್ ಮತ್ತು ಕೋಲ್ಥಾಫ್ ೧೯೩೭ರಲ್ಲಿ ಕೊಟ್ಟ ವಿಧಾನ ಇಂದಿಗೂ ಬಳಕೆಯಲ್ಲಿದೆ. ಸೀರಿಯಮ್ಮಿನ ಹಳದಿ ಲವಣವೊಂದು ಆರ್ಸೀನಿಯಸ್ ಆಮ್ಲದೊಡನೆ ಸೇರಿದಾಗ ನಿಧಾನವಾಗಿ ಬಣ್ಣ ಕಳೆದುಕೊಳ್ಳುತ್ತದೆ. ಅಯೊಡೈಡಿನ ಸುಳಿವಿದ್ದರೆ ಅದು ವೇಗವರ್ಧಕವಾಗಿ ವರ್ತಿಸಿ ಬಣ್ಣ ಬೇಗನೆ ಅಳಿಯುವಂತೆ ಮಾಡುತ್ತದೆ. ತೂಗಲು ಅಸಾಧ್ಯವಾದಷ್ಟು ಅಲ್ಪ ವಸ್ತುವನ್ನು ಗಡಿಯಾರದಿಂದ ಅಳೆದಂತಾಯಿತು! ಇದಕ್ಕಿಂತ ಚೆಲುವಾದ ಪ್ರಯೋಗ ರಸಾಯನಶಾಸ್ತ್ರದಲ್ಲಿ ಹೆಚ್ಚಿಲ್ಲವೆಂದು ನಮಗೆ ತೋರುತ್ತದೆ. ಸತು ತಾಮ್ರಗಳಂಥ ಲೋಹಗಳಿಗೆ ೧೯೫೫ರಲ್ಲಿ ಆಸ್ಟ್ರೇಲಿಯದ ಅಲನ್ ವಾಲ್ಶ್ ವಿವರಿಸಿದ ಪರಮಾಣು ಹೀರಿಕೆಯ ವಿಧಾನವಿದೆ. ಜ್ವಾಲೆಯಲ್ಲಿ ಬಿಡಿಬಿಡಿಯಾದ ಪರಮಾಣುಗಳು ತಮ್ಮದೇ ಬಣ್ಣದ ಬೆಳಕನ್ನು ಎಷ್ಟು ಹೀರುತ್ತವೆಂದು ಅಲ್ಲಿ ನೋಡುತ್ತಾರೆ. ಯಂತ್ರ ಎಷ್ಟು ಸೂಕ್ಷ್ಮವಾದರೂ ಎಚ್ಚರ ತಪ್ಪಬಾರದು. ರಕ್ತದ ನಳಿಗೆಯ ರಬ್ಬರು ಬಿರಡೆಯಿಂದ ಸತು ಇಳಿದು, ಕೊರತೆಯಿರುವವನಿಗೂ ಸಮೃದ್ಧಿಯಿದೆಯೆಂದು ತೋರಿಸಿಬಿಡಬಲ್ಲುದು. ಒಂದು ಹಿಡಿ ಕೂದಲನ್ನು ಕಳುಹಿಸಿದರೆ ದೇಹದ ಎಲ್ಲ ಧಾತುಗಳ ಜಾತಕವನ್ನೂ ಬರೆದುಕೊಡುತ್ತೇವೆಂಬ ಜಾಹೀರಾತುಗಳನ್ನು ನಾವು ನಂಬುವುದಿಲ್ಲ. ಕೂದಲು ಎಣ್ಣೆ, ಧೂಳು, ಬಣ್ಣ, ಸ್ನಾನದ ನೀರು ಎಲ್ಲದರಿಂದಲೂ ಧಾತುಗಳನ್ನು ಹೊತ್ತುಕೊಳ್ಳುತ್ತದೆ. ಪಾದರಸದಂಥ ಕೆಲವಕ್ಕೆ ಮಾತ್ರ ಅದು ಒಪ್ಪತಕ್ಕ ಸಾಕ್ಷಿ.

ಇನ್ನೊಂದು ತೊಡಕು: ಲೇಶಧಾತುಗಳು ಒಂದೊಂದಾಗಿ ಕೆಲಸ ಮಾಡುವುದಿಲ್ಲ. ೧೯೭೩ರಲ್ಲಿ ಹೈದರಾಬಾದಿನ ರಾಷ್ಟ್ರೀಯ ಪೌಷ್ಟಿಕತಾ ಸಂಸ್ಥೆಯ ಕೃಷ್ಣಮಾಚಾರಿ ಮತ್ತು ಕಮಲಾ ಕೃಷ್ಣಸ್ವಾಮಿ ಅವರು, ಫ್ಲೋರೈಡು ಹೆಚ್ಚಾಗಿದ್ದ ಆಂಧ್ರದ ಹಳ್ಳಿಗಳ ತರುಣರಲ್ಲಿ ಮಂಡಿಗಳು ಒಂದನ್ನೊಂದು ತಾಕುವಂತೆ ಕಾಲು ವಕ್ರವಾಗುವ ಹೊಸ ವಿಕಾರವನ್ನು ವರದಿ ಮಾಡಿದರು. ಫ್ಲೋರೈಡು ಹಿಂದೆಯೂ ಇದ್ದಿತು. ಈ ವಿಕಾರ ಮಾತ್ರ ಹೊಸದು. ದೊಡ್ಡ ಅಣೆಕಟ್ಟಿನಿಂದ ಸುತ್ತಲಿನ ಅಂತರ್ಜಲದ ಮಟ್ಟ ಏರಿ, ಮಣ್ಣಿನ ಗುಣ ಬದಲಾಗಿ, ಜೋಳದ ಕಾಳಿನಲ್ಲಿ ಮಾಲಿಬ್ಡಿನಂ ಹೆಚ್ಚಿ, ಅದು ದೇಹದಿಂದ ತಾಮ್ರವನ್ನು ಹೊರದೂಡುತ್ತಿರಬಹುದೆಂದು ಆ ಸಂಸ್ಥೆಯ ವಿಜ್ಞಾನಿಗಳು ತರ್ಕಿಸಿದರು. ಒಂದರ ಹೆಚ್ಚಳ ಮತ್ತೊಂದರ ಕೊರತೆಯನ್ನು ತಂದು, ಮೂರನೆಯದರ ಕೇಡನ್ನು ಬಲಪಡಿಸಿದಂತಾಯಿತು.

ಪರಿಹಾರದ ವಿಷಯದಲ್ಲಿ ಜನರಲ್ಲಿರುವ ಕೆಲವು ತಪ್ಪು ಗ್ರಹಿಕೆಗಳನ್ನು ಹೇಳಲೇಬೇಕು. ನೀರನ್ನು ಕುದಿಸಿದರೆ ಕ್ರಿಮಿ ಸಾಯುತ್ತದೆ, ಫ್ಲೋರೈಡು ಹೋಗುವುದಿಲ್ಲ. ಆವಿಯಾಗಿ ಹೋಗುವುದು ನೀರು ಮಾತ್ರವಾದುದರಿಂದ ಉಳಿದುದರಲ್ಲಿ ಅದು ಕೊಂಚ ಹೆಚ್ಚುತ್ತದೆ. ಬಾವಿಯನ್ನು ಇನ್ನಷ್ಟು ಆಳಕ್ಕೆ ಕೊರೆಸಿದರೆ ಒಳ್ಳೆಯ ನೀರು ಸಿಕ್ಕೀತೆಂಬ ಆಸೆಯೂ ಅನೇಕ ಕಡೆ ಹುಸಿಯಾಗಿದೆ. ಆಳದ ನೀರು ಕಲ್ಲಿನೊಡನೆ ಹೆಚ್ಚು ಕಾಲ ಕಳೆದ ನೀರು. ನೀರು ಮಾರುವವರು ಅದ್ದಿ ತೋರಿಸುವ ಪೆನ್ನಿನಂಥ ಮೀಟರು ಕರಗಿದ ಲವಣಗಳ ಒಟ್ಟು ಮೊತ್ತವನ್ನು ಅಂದಾಜು ಮಾಡುತ್ತದೆ. ಐನೂರು ಮಿಲಿಗ್ರಾಂ ಲವಣಗಳ ನಡುವೆ ಫ್ಲೋರೈಡು ಒಂದಿದೆಯೋ ಮೂರಿದೆಯೋ ಅದು ಹೇಳಲಾರದು. ನಾಗಪುರದ ರಾಷ್ಟ್ರೀಯ ಪರಿಸರ ತಾಂತ್ರಿಕ ಸಂಶೋಧನಾ ಸಂಸ್ಥೆ ೧೯೭೦ರ ದಶಕದಲ್ಲಿ ರೂಪಿಸಿದ ನಲಗೊಂಡ ವಿಧಾನದಲ್ಲಿ ನೀರಿಗೆ ಸುಣ್ಣ, ಪಟಿಕ, ಚೆಲುವೆ ಪುಡಿಗಳನ್ನು ಬೆರೆಸಿ, ಫ್ಲೋರೈಡನ್ನು ಹಿಡಿದು ತಳಕ್ಕಿಳಿದ ಬಗ್ಗಡವನ್ನು ಬೇರ್ಪಡಿಸುತ್ತಾರೆ. ಈಚೆಗೆ ಊರೂರಿನಲ್ಲಿ ಕಾಣುವ ಶುದ್ಧ ನೀರಿನ ಘಟಕಗಳು ಒತ್ತಡದಿಂದ ನೀರನ್ನು ಸೂಕ್ಷ್ಮ ಪೊರೆಯ ಮೂಲಕ ದಾಟಿಸುತ್ತವೆ. ಪೊರೆ ಹಳತಾದಂತೆ ಅದರ ಸಾಮರ್ಥ್ಯ ಕುಂದುವುದರಿಂದ, ಒಳಗೆ ಹೋಗುವ ನೀರಿನಂತೆಯೇ ಹೊರಗೆ ಬರುವ ನೀರನ್ನೂ ಆಗಾಗ ಅಳೆಯಬೇಕು. ಎಲ್ಲಕ್ಕಿಂತ ಉತ್ತಮವಾದುದು ನದಿಯ ನೀರು ಅಥವಾ ಸಂಗ್ರಹಿಸಿದ ಮಳೆಯ ನೀರು.

ನೀರು ಬದಲಾದ ಮೇಲೆಯೂ ಮೂಳೆ ತನ್ನಲ್ಲಿರುವ ಫ್ಲೋರೈಡನ್ನು ವರ್ಷಗಟ್ಟಲೆ ಸ್ವಲ್ಪಸ್ವಲ್ಪವಾಗಿ ರಕ್ತಕ್ಕೆ ಬಿಡುತ್ತಿರುತ್ತದೆ. ಹಾಗಾಗಿ ಒಂದೇ ಮನೆಯಲ್ಲಿ, ಒಂದೇ ಕೊಡದ ಒಳ್ಳೆಯ ನೀರನ್ನು ಕುಡಿಯುತ್ತಿದ್ದರೂ, ಅಜ್ಜಿಯ ಮೂತ್ರದಲ್ಲಿ ಫ್ಲೋರೈಡು ಹೆಚ್ಚಾಗಿಯೂ ಮೊಮ್ಮಗುವಿನದರಲ್ಲಿ ಕಡಮೆಯಾಗಿಯೂ ಕಾಣಬಹುದು. ಮಗುವಿನ ಮೇಲುದವಡೆಯ ನಡುವಣ ಎರಡು ಶಾಶ್ವತ ಬಾಚಿಹಲ್ಲುಗಳ ಹೊರಕವಚಕ್ಕೆ ಫ್ಲೋರೈಡಿನ ಕೇಡು ಹೆಚ್ಚಾಗಿ ತಟ್ಟುವುದು ಎರಡು ಮೂರು ವರ್ಷ ತುಂಬುವುದರೊಳಗೆ, ಅವು ಇನ್ನೂ ಒಸಡಿನ ಒಳಗೆ ರೂಪುಗೊಳ್ಳುತ್ತಿರುವಾಗ. ಆ ಹಲ್ಲುಗಳು ಹೊರಗೆ ಬರುವುದು ಏಳೆಂಟನೆಯ ವಯಸ್ಸಿನಲ್ಲಿ. ಅರಸೀಕೆರೆಯ ಹಳ್ಳಿಯೊಂದರಲ್ಲಿ ಈ ವರ್ಷ ಹುಟ್ಟಿದ ಮಗು ಯಾವ ನೀರನ್ನು ಕುಡಿಯಿತೆಂಬುದು, ಅದು ಎರಡನೆಯ ತರಗತಿಯಲ್ಲಿ ಕುಳಿತು ನಗುವಾಗ ಅದರ ಉಪಾಧ್ಯಾಯರಿಗೆ ಕಾಣುತ್ತದೆ.